ಲೋಹಗಳ ಕುಲಗೋತ್ರ: ಬೆಸುಗೆಯ ಪಟ್ಟಿ ಹುಟ್ಟಿ ಬೆಳೆದ ಬಗೆ

ಬೆಂಗಳೂರಿನಿಂದ ತುಮಕೂರಿನ ಕಡೆಗೆ ಹೊರಟು ನೆಲಮಂಗಲ ದಾಟಿದರೆ ಎಡಗಡೆ ಶಿವಗಂಗೆ ಬೆಟ್ಟ ಕಾಣುತ್ತದೆ. ಆ ಬೆಟ್ಟದ ಸುತ್ತಲ ಸೀಮೆಯೇ ಸೋಂಪುರ ಹೋಬಳಿ. ರಾಗಿ, ಅವರೆ ಬೆಳೆಯುತ್ತಿದ್ದ ಹೊಲಗಳಲ್ಲಿ ಈಗ ಕೈಗಾರಿಕಾ ಪ್ರದೇಶ ಎದ್ದಿದೆ. ಅಲ್ಲಿನ ಒಂದು ಶೆಡ್ಡಿಗೆ ನಮ್ಮ ಅಂತಿಮ ಬಿ.ಎಸ್ಸಿ. ವಿದ್ಯಾರ್ಥಿಗಳನ್ನು ಕರೆದೊಯ್ದಿದ್ದೆ. ಒತ್ತಡದ ತೊಟ್ಟಿಗಳನ್ನು ತಯಾರಿಸುವ ಜಾಗ. ಮೇಜಿನ ಮೇಲೆ ಎರಡು ಉಕ್ಕಿನ ಪ್ಲೇಟುಗಳನ್ನು ಅಂಚಿಗೆ ಅಂಚು ಕೂಡಿಸಿ ಬೆಸೆದಿಟ್ಟಿದ್ದರು. ಪಕ್ಕದಲ್ಲಿ ಅಂತಹುದೇ ಬೆಸುಗೆಯಿಂದ ಕೊಯ್ದ ಪಟ್ಟಿಗಳು, ಕೆಲವು ನೇರವಾಗಿ, ಕೆಲವು ಇಂಗ್ಲಿಷಿನ ‘ಯು’ ಅಕ್ಷರದಂತೆ ಬಾಗಿ.

“ಇದು ಟೆಸ್ಟ್ ಕೂಪನ್ ಸಾರ್. ಇದು ಪಾಸಾದರೆ ಇನ್ನು ಈ ವಿಧಾನದಲ್ಲಿ ನಾವು ಬೆಸೆಯಬಹುದು” ಎಂದರು ಅಲ್ಲಿನ ಸೂಪರ್‌ವೈಸರ್.

“ಈ ಪ್ಲೇಟನ್ನು ಮಾತ್ರವೇ?” ಎಂದು ನನ್ನ ವಿದ್ಯಾರ್ಥಿನಿಯೊಬ್ಬಳು ಕೇಳಿದಳು.

“ಇಲ್ಲಮ್ಮ, ಪಿ ನಂಬರ್ ಒಂದೇ ಆದರೆ ಸಾಕು. ಬೇರೆ ಗ್ರೇಡಿನ ಉಕ್ಕಾದರೂ ನಡೆಯುತ್ತದೆ.”

ಆಕೆ ನನ್ನ ಮುಖ ನೋಡಿದಳು. ಒಂದು ಉಕ್ಕಿನ ಮೇಲೆ ಮಾಡಿದ ಪರೀಕ್ಷೆ, ಪರೀಕ್ಷೆಗೇ ಬಾರದ ಇನ್ನೊಂದು ಉಕ್ಕಿಗೆ ಸಾಕ್ಷಿಯಾಗುವುದು ಹೇಗೆ? ಭೌತವಿಜ್ಞಾನ ಕಲಿಯುವವರು ಕೇಳಲೇಬೇಕಾದ ಪ್ರಶ್ನೆ. ಅಲ್ಲಿ ನಾನು ಕೊಟ್ಟ ಉತ್ತರ ಅರೆಬರೆಯಾಗಿತ್ತು. ಪೂರ್ಣ ಉತ್ತರಕ್ಕೆ ಸುಮಾರು ನೂರು ವರ್ಷಗಳ ಇತಿಹಾಸ ಬೇಕು. ಅದನ್ನು ಇಲ್ಲಿ ನಿಮ್ಮ ಮುಂದಿಡುತ್ತಿದ್ದೇನೆ.

ಕುಲುಮೆಯಲ್ಲಿ ಎರಡೇ ಗುಂಪು

ಮೊದಲು ನನ್ನದೇ ಒಂದು ಹಳೆಯ ಪೆಟ್ಟು. ಹರೆಯದಲ್ಲಿ ಒಮ್ಮೆ ಊರಿನ ಟ್ರೇಲರಿನ ಕೊಂಡಿಯೊಂದು ಮುರಿದಿತ್ತು. ಲಾರಿಯ ಹಳೆಯ ಪಟ್ಟಾ ಸ್ಪ್ರಿಂಗಿನ ತುಂಡು ಗಟ್ಟಿ ಕಬ್ಬಿಣವಲ್ಲವೇ ಎಂದುಕೊಂಡು, ಅದನ್ನೇ ಸಾದಾ ಉಕ್ಕಿನ ಚೌಕಟ್ಟಿಗೆ ಬೆಸೆಸಿದೆ. ಬೆಸುಗೆ ನೋಡಲು ಚೆನ್ನಾಗಿಯೇ ಇತ್ತು. ಮರುದಿನ ಬೆಳಿಗ್ಗೆ ಇನ್ನೂ ಹೊರೆ ಹೇರುವ ಮೊದಲೇ ಸ್ಪ್ರಿಂಗಿನ ಬದಿಯಲ್ಲಿ, ಬೆಸುಗೆಯ ಅಂಚಿಗೆ ತಾಗಿಕೊಂಡು, ಕೂದಲೆಳೆಯಷ್ಟು ಬಿರುಕು ಬಿಟ್ಟಿತ್ತು. ಕೈಯಿಂದ ಜಗ್ಗಿದರೆ ಕಳಚಿ ಬಂತು. ಬೆಸೆದಾತನನ್ನು ನಾನು ಬೈದೆ. ತಪ್ಪು ಆತನದಲ್ಲ, ತುಂಡನ್ನು ಆರಿಸಿದ ನನ್ನದು ಎಂದು ತಿಳಿಯುವ ಹೊತ್ತಿಗೆ ವರ್ಷಗಳೇ ಕಳೆದಿದ್ದವು.

ಆದದ್ದು ಇಷ್ಟು. ವಿದ್ಯುತ್ ಚಾಪದ ಕೆಳಗೆ ಉಕ್ಕು ಕರಗುತ್ತದೆ. ಕರಗದ ಆದರೆ ಕೆಂಪಗೆ ಕಾದ ಅಂಚಿನ ಪಟ್ಟಿಗೆ ಶಾಖಪ್ರಭಾವಿತ ವಲಯ ಎನ್ನುತ್ತಾರೆ. ಸುತ್ತಲಿನ ತಣ್ಣನೆಯ ಲೋಹ ಅದರ ಶಾಖವನ್ನು ಕೆಲವೇ ಸೆಕೆಂಡುಗಳಲ್ಲಿ ಹೀರಿಬಿಡುತ್ತದೆ. ಇಂಗಾಲ ಹೆಚ್ಚಿದ್ದ ಉಕ್ಕು ಹೀಗೆ ಸರಕ್ಕನೆ ತಣಿದರೆ ಇಂಗಾಲದ ಪರಮಾಣುಗಳಿಗೆ ಹೊರಬರಲು ವೇಳೆಯೇ ಸಿಗದು. ಹರಳಿನ ಜಾಲ ಸೆಳೆದುಕೊಂಡು ಮಾರ್ಟೆನ್‌ಸೈಟ್ ಎಂಬ ಗಡುಸಾದ, ಪೆಡಸಾದ ರೂಪ ತಾಳುತ್ತದೆ. ಕಡ್ಡಿಯ ಲೇಪದ ತೇವದಿಂದ ಬಂದ ಹೈಡ್ರೋಜನ್ ಆ ಪೆಡಸು ಭಾಗಕ್ಕೆ ನಿಧಾನವಾಗಿ ಸರಿದು ಸೇರಿಕೊಳ್ಳುತ್ತದೆ. ಬಿರುಕು ತಕ್ಷಣ ಕಾಣದೆ ಮರುದಿನ ಕಂಡದ್ದು ಅದಕ್ಕೇ. ಬೆಸುಗೆ ಗಟ್ಟಿಯಾಗಿಯೇ ಇತ್ತು, ಮುರಿದದ್ದು ಅದರ ನೆರೆಯ ಮೂಲಲೋಹ.

ನಮ್ಮ ಕುಲುಮೆಯವರಿಗೆ ಇದು ಬೇರೆ ರೀತಿಯಲ್ಲಿ ಗೊತ್ತಿತ್ತು. ಅವರ ಲೆಕ್ಕದಲ್ಲಿ ಎರಡೇ ಗುಂಪು: ಮೆದುವಾದ ಕಬ್ಬಿಣ, ಗಡುಸಾದ ಉಕ್ಕು. 1800–01ರಲ್ಲಿ ಫ್ರಾನ್ಸಿಸ್ ಬುಕಾನನ್ ಮೈಸೂರು ಸೀಮೆಯಲ್ಲಿ ಸಂಚರಿಸಿದಾಗ ಮಾಗಡಿ, ಮಧುಗಿರಿಗಳ ಸುತ್ತಮುತ್ತ ಕಬ್ಬಿಣ ಕರಗಿಸುವ ಒಲೆಗಳನ್ನು ಕಂಡು ವಿವರವಾಗಿ ಬರೆದ. ಸೋಂಪುರದಿಂದ ಎರಡೂ ದೂರವಲ್ಲ. ಮೆದು ಕಬ್ಬಿಣದ ತುಂಡನ್ನು ತಂಗಡಿ ಗಿಡದ ಕಟ್ಟಿಗೆಯೊಂದಿಗೆ ಮಣ್ಣಿನ ಮೂಸೆಯಲ್ಲಿಟ್ಟು ಮುಚ್ಚಿ ಕಾಯಿಸಿದರೆ ಕಟ್ಟಿಗೆಯ ಇಂಗಾಲ ಕಬ್ಬಿಣಕ್ಕೆ ಸೇರಿ ಉಕ್ಕಾಗುತ್ತಿತ್ತು. ಯೂರೋಪಿನಲ್ಲಿ ‘ವೂಟ್ಜ್’ ಎಂದು ಹೆಸರಾದದ್ದು ನಮ್ಮ ‘ಉಕ್ಕು’ ಎಂಬ ಪದವೇ ಎಂದು ಬಹುಮಂದಿ ವಿದ್ವಾಂಸರ ಮತ. 1795ರಲ್ಲಿ ಜಾರ್ಜ್ ಪಿಯರ್ಸನ್ ಲಂಡನ್ನಿನ ರಾಯಲ್ ಸೊಸೈಟಿಯಲ್ಲಿ ಇದರ ಬಗ್ಗೆ ಪ್ರಬಂಧ ಮಂಡಿಸಿದ. ಮುಂದೆ ಮೈಕೆಲ್ ಫ್ಯಾರಡೆಯಂಥವರೂ ಇದನ್ನು ಪರೀಕ್ಷಿಸಿದರು.

ನೇಗಿಲ ಕುಳವನ್ನೋ ಕುಡುಗೋಲನ್ನೋ ಹಣಿಸುವಾಗ ಕಮ್ಮಾರ ಮೆದು ಕಬ್ಬಿಣದ ಮೈಗೆ ಉಕ್ಕಿನ ಬಾಯಿ ಕೂಡಿಸುತ್ತಿದ್ದ. ಉಕ್ಕಿಗೆ ಎಷ್ಟು ಕಾವು, ಕಬ್ಬಿಣಕ್ಕೆ ಎಷ್ಟು, ಬಿಳಿಗಾರ ಎಷ್ಟು ಉದುರಿಸಬೇಕು, ಎಲ್ಲವೂ ಬಣ್ಣ ನೋಡಿ ನಿರ್ಧಾರವಾಗುತ್ತಿತ್ತು. ಗುಂಪು ಎರಡೇ ಇದ್ದಾಗ ಕಣ್ಣಿನ ಅಂದಾಜು ಸಾಕು. ನೂರಾರು ಮಿಶ್ರಲೋಹಗಳು ಬಂದಾಗ ಸಾಲದು.

ಸ್ಫೋಟದಿಂದ ಸಂಹಿತೆಗೆ

ಮೈಸೂರಿನ ರೈಲ್ವೆ ವಸ್ತುಸಂಗ್ರಹಾಲಯಕ್ಕೆ ಹೋಗಿದ್ದರೆ ಹಳೆಯ ಉಗಿ ಎಂಜಿನ್ನುಗಳ ಮೈಮೇಲೆ ಗುಂಡಿಗಳಂತೆ ಸಾಲುಗಟ್ಟಿದ ರಿವೆಟ್ಟುಗಳನ್ನು ನೀವು ನೋಡಿರಬಹುದು. ಹತ್ತೊಂಬತ್ತನೆಯ ಶತಮಾನದ ಬಾಯ್ಲರುಗಳನ್ನೆಲ್ಲ ರಿವೆಟ್ ಹೊಡೆದೇ ಕೂಡಿಸುತ್ತಿದ್ದರು. ಅವು ಸಿಡಿಯುತ್ತಲೂ ಇದ್ದವು. 1863ರಲ್ಲಿ ಕಲ್ಕತ್ತೆಯಲ್ಲಿ ಬಾಯ್ಲರ್ ಸಿಡಿದದ್ದು ಮರುವರ್ಷ ಬಂಗಾಳದಲ್ಲಿ ಕಾನೂನು ಬರಲು ಕಾರಣವಾಯಿತು. ಇಡೀ ದೇಶಕ್ಕೆ ಅನ್ವಯಿಸುವ ಬಾಯ್ಲರ್ ಕಾಯಿದೆ 1923ರಲ್ಲಿ ಬಂತು. ಅದರ ಜಾಗಕ್ಕೆ ಹೊಸ ಕಾಯಿದೆಯನ್ನು ಸಂಸತ್ತು ಒಪ್ಪಿದ್ದು 2025ರಲ್ಲಿ. ಅಮೆರಿಕದಲ್ಲಿ 1905ರ ಮಾರ್ಚ್ 20ರಂದು ಬ್ರಾಕ್‌ಟನ್ ಎಂಬ ಊರಿನ ಪಾದರಕ್ಷೆ ಕಾರ್ಖಾನೆಯ ಬಾಯ್ಲರ್ ಸಿಡಿದು 58 ಮಂದಿ ಸತ್ತರು. ಅಲ್ಲಿನ ಮೆಕ್ಯಾನಿಕಲ್ ಎಂಜಿನಿಯರುಗಳ ಸಂಘ 1911ರಲ್ಲಿ ಸಮಿತಿ ರಚಿಸಿತು. ಆ ಸಮಿತಿಯ ಬಾಯ್ಲರ್ ಸಂಹಿತೆಯ ಮೊದಲ ಆವೃತ್ತಿ 1914ರದು. ಇಂದು ಸೋಂಪುರದಂತಹ ಕಡೆಗಳಲ್ಲಿ ‘ಎಎಸ್‌ಎಂಇ ಕೋಡ್’ ಎಂದು ಕರೆಯುವುದು ಇದನ್ನೇ.

ರಿವೆಟ್ ಹೊಡೆದ ಜೋಡಣೆಯನ್ನು ಲೆಕ್ಕ ಹಾಕಬಹುದು. ಎಷ್ಟು ರಿವೆಟ್, ಎಷ್ಟು ವ್ಯಾಸ, ಎಷ್ಟು ಅಂತರ ಎಲ್ಲವೂ ಕಣ್ಣಿಗೆ ಕಾಣುತ್ತದೆ. ಬೆಸುಗೆಯ ಒಳಗೇನಿದೆ ಎಂಬುದು ಕಾಣುವುದಿಲ್ಲ. ಹಾಗಾಗಿ 1930ರ ದಶಕದಲ್ಲಿ ಬಾಯ್ಲರುಗಳಿಗೆ ಬೆಸುಗೆ ಬರತೊಡಗಿದಾಗ ಬೇರೊಂದು ಬಗೆಯ ಭರವಸೆ ಬೇಕಾಯಿತು: ಕೆಲಸಕ್ಕೆ ಮುಂಚೆ ಅದೇ ವಿಧಾನದಲ್ಲಿ ಒಂದು ಮಾದರಿ ಬೆಸೆದು, ಕೊಯ್ದು, ಎಳೆದು, ಬಾಗಿಸಿ ತೋರಿಸಬೇಕು. ಎರಡನೆಯ ಮಹಾಯುದ್ಧದ ಹೊತ್ತಿಗೆ ಈ ಅರ್ಹತಾ ಪರೀಕ್ಷೆಗಳಿಗೇ ಮೀಸಲಾದ ಒಂಬತ್ತನೆಯ ವಿಭಾಗವೊಂದು ಸಂಹಿತೆಗೆ ಸೇರಿತು. ಸೋಂಪುರದಲ್ಲಿ ನಾವು ನೋಡಿದ ಪಟ್ಟಿಗಳು ಅದರವೇ. ಮಾಮೂಲಾಗಿ ಎರಡನ್ನು ಎಳೆದು ತುಂಡರಿಸುತ್ತಾರೆ, ನಾಲ್ಕನ್ನು 180 ಡಿಗ್ರಿ ಬಾಗಿಸುತ್ತಾರೆ. ಬಾಗಿದ ಮೈಮೇಲೆ ಸುಮಾರು 3 ಮಿಲಿಮೀಟರಿಗಿಂತ ದೊಡ್ಡ ಬಿರುಕು ತೆರೆದುಕೊಂಡರೆ ಅನುತ್ತೀರ್ಣ.

ಈಗ ಒಂದು ಸಣ್ಣ ಲೆಕ್ಕ. ಬಳಕೆಯಲ್ಲಿ 100 ಲೋಹಗಳಿವೆ ಎನ್ನಿ. ಒಂದನ್ನು ಅದಕ್ಕೇ ಬೆಸೆಯುವ ವಿಧಾನಗಳು 100. ಒಂದನ್ನು ಇನ್ನೊಂದಕ್ಕೆ ಬೆಸೆಯುವ ಜೋಡಿಗಳು 100 × 99 ÷ 2, ಅಂದರೆ 4950. ಒಟ್ಟು 5050 ಅರ್ಹತಾ ಪರೀಕ್ಷೆಗಳು. ಇದು ಒಂದು ದಪ್ಪಕ್ಕೆ, ಒಂದು ಬಗೆಯ ಬೆಸುಗೆ ಕಡ್ಡಿಗೆ. ಬೇರೆ ಕಡ್ಡಿ ಹಿಡಿದರೆ ಮತ್ತೆ ಮೊದಲಿನಿಂದ. ಅದೇ 100 ಲೋಹಗಳನ್ನು 10 ಗುಂಪು ಮಾಡಿದರೆ ಬೇಕಾಗುವ ಪರೀಕ್ಷೆಗಳು 55. ಸಂಹಿತೆ ಈ ಗುಂಪುಗಳಿಗೆ ಕೊಟ್ಟ ಹೆಸರೇ ‘ಪಿ ಸಂಖ್ಯೆ’. ಪರೀಕ್ಷೆಗಳ ಸಂಖ್ಯೆಯನ್ನು ಇಳಿಸುವುದೇ ಇದರ ಉದ್ದೇಶ. ಪ್ರಕೃತಿ ತಾನಾಗಿ ಹಾಕಿಕೊಟ್ಟ ಗೆರೆಗಳಲ್ಲ ಇವು. ಆವರ್ತ ಕೋಷ್ಟಕವನ್ನು ಪಾಠ ಮಾಡಿದ ಕೈಯಲ್ಲೇ ಈ ಪಟ್ಟಿಯನ್ನು ಪಾಠ ಮಾಡಿದರೆ ಮಕ್ಕಳಿಗೆ ತಪ್ಪು ತಿಳಿವಳಿಕೆ ಬರುತ್ತದೆಂಬುದು ನನ್ನ ಅನುಭವ.

ಪಟ್ಟಿಯ ಒಳಗೆ

ಪಿ ಸಂಖ್ಯೆ 1 ಎಂದರೆ ಸಾಮಾನ್ಯ ಇಂಗಾಲದ ಉಕ್ಕುಗಳು. ಕಟ್ಟಡ, ಸೇತುವೆಗಳಿಗೆ ನಮ್ಮಲ್ಲಿ ಬಳಸುವ ಐಎಸ್ 2062 ಮಾನಕದ ಇ250 ದರ್ಜೆಯೂ ಈಗ ಇದರಲ್ಲಿದೆ. 3 ಎಂದರೆ ಅರ್ಧ ಶೇಕಡ ಮಾಲಿಬ್ಡಿನಂ ಸೇರಿದವು. 4ರಲ್ಲಿ ಸುಮಾರು ಶೇ. 1ರಷ್ಟು, 5ರಲ್ಲಿ ಇನ್ನೂ ಹೆಚ್ಚು ಕ್ರೋಮಿಯಂ ಇರುತ್ತದೆ. 8 ನಮ್ಮ ಅಡುಗೆಮನೆಯ ಸ್ಟೀಲ್ ಪಾತ್ರೆಗಳ ಬಂಧುಗಳು, ಅಂದರೆ ಆಸ್ಟೆನಿಟಿಕ್ ತುಕ್ಕುರಹಿತ ಉಕ್ಕುಗಳು. ಅಲ್ಯೂಮಿನಿಯಂ ಕುಟುಂಬ 21ರಿಂದ, ತಾಮ್ರ 31ರಿಂದ, ನಿಕೆಲ್ 41ರಿಂದ, ಟೈಟೇನಿಯಂ 51ರಿಂದ, ಜಿರ್ಕೋನಿಯಂ 61ರಿಂದ ಆರಂಭ. ಐಎಸ್‌ಒ ಸಂಸ್ಥೆಯ 15608 ಸಂಖ್ಯೆಯ ವರದಿಯಲ್ಲಿರುವ ಯೂರೋಪಿನ ಮೂಲದ ಪಟ್ಟಿಯೂ ಅಲ್ಯೂಮಿನಿಯಂ ನಂತರದ ಲೋಹಗಳಿಗೆ ಹೆಚ್ಚುಕಡಿಮೆ ಇದೇ ಹತ್ತರ ಮೆಟ್ಟಿಲುಗಳನ್ನು ಇಟ್ಟುಕೊಂಡಿದೆ, ಉಕ್ಕುಗಳನ್ನು ಮಾತ್ರ ಬೇರೆ ರೀತಿ ಪಾಲು ಮಾಡಿದೆ. ಗಿರಾಕಿ ಯಾರೆಂಬುದರ ಮೇಲೆ ಸೋಂಪುರದ ಒಂದೇ ಪ್ಲೇಟಿಗೆ ಎರಡು ಗುಂಪುಗಳ ಹೆಸರು ಬೀಳಬಹುದು.

ಪಟ್ಟಿಯಲ್ಲಿ 1 ಆದ ಮೇಲೆ 3 ಬರುತ್ತದೆ. 2 ಎಲ್ಲಿ? ಹಿಂದಿನ ಕಾಲದ ಬಡಿದ ಮೆದು ಕಬ್ಬಿಣಕ್ಕೆ ಅದು ಮೀಸಲಾಗಿತ್ತು, ಆ ಲೋಹವೇ ಬಳಕೆ ತಪ್ಪಿದಾಗ ಮನೆ ಖಾಲಿಯಾಯಿತು ಎಂದು ಈ ಕ್ಷೇತ್ರದ ಹಿರಿಯರು ಹೇಳುತ್ತಾರೆ. ನಮ್ಮ ಕಮ್ಮಾರನ ಎರಡು ಗುಂಪುಗಳಲ್ಲಿ ಒಂದು ಹೀಗೆ ಹೋಯಿತು!

ನಮ್ಮಲ್ಲಿ ಸಗೋತ್ರ ವಿವಾಹ ನಿಷಿದ್ಧ. ಬೆಸುಗೆಯಲ್ಲಿ ಸಗೋತ್ರವೇ ಸಲೀಸು. ಆದರೆ ಗೋತ್ರವನ್ನು ಯಾವ ಆಧಾರದಿಂದ ನಿರ್ಧರಿಸುವುದು? ಸಂಯೋಜನೆ, ಬೆಸುಗೆಗೆ ಒಗ್ಗುವ ಗುಣ, ಯಾಂತ್ರಿಕ ಬಲ ಈ ಮೂರನ್ನೂ ಸಂಹಿತೆ ಹೇಳುತ್ತದೆ. ಅದರ ಜೊತೆಗೇ ಒಂದು ಎಚ್ಚರಿಕೆಯನ್ನೂ ಕೊಡುತ್ತದೆ: ಒಂದೇ ಗುಂಪು ಎಂದ ಮಾತ್ರಕ್ಕೆ ಒಂದರ ಬದಲು ಇನ್ನೊಂದನ್ನು ಕಣ್ಣುಮುಚ್ಚಿ ಬಳಸಬಾರದು, ಲೋಹದ ಗುಣ, ಬೆಸುಗೆಯ ನಂತರದ ಶಾಖೋಪಚಾರ, ಅದು ಮಾಡಬೇಕಾದ ಕೆಲಸ ಇವನ್ನು ನೋಡಿಕೊಳ್ಳಬೇಕು. ಪಟ್ಟಿಯನ್ನು ನೋಡುವವರು ಬಹಳ, ಈ ಮಾತನ್ನು ಓದುವವರು ಕಡಿಮೆ.

ಸಾದಾ ಉಕ್ಕುಗಳಿಗೆ ಅಂದಾಜಿನ ಒಂದು ಸೂತ್ರವಿದೆ. 1940ರಲ್ಲಿ ಬ್ರಿಟನ್ನಿನ ಡಿಯರ್ಡನ್ ಮತ್ತು ಒ’ನೀಲ್ ಸೂಚಿಸಿದ ಸೂತ್ರವನ್ನು ಅಂತಾರಾಷ್ಟ್ರೀಯ ಬೆಸುಗೆ ಸಂಸ್ಥೆ ಮುಂದೆ ತಿದ್ದಿ ಅಳವಡಿಸಿಕೊಂಡಿತು. ಅದರ ಪ್ರಕಾರ ಇಂಗಾಲ ಸಮಾನಾಂಕ ಎಂದರೆ ಇಂಗಾಲದ ಶೇಕಡಾವಾರು, ಅದಕ್ಕೆ ಮ್ಯಾಂಗನೀಸಿನ ಆರನೆಯ ಒಂದು ಪಾಲು, ಕ್ರೋಮಿಯಂ, ಮಾಲಿಬ್ಡಿನಂ, ವೆನೇಡಿಯಂಗಳ ಮೊತ್ತದ ಐದನೆಯ ಒಂದು ಪಾಲು, ನಿಕೆಲ್, ತಾಮ್ರಗಳ ಮೊತ್ತದ ಹದಿನೈದನೆಯ ಒಂದು ಪಾಲು ಸೇರಿದ ಸಂಖ್ಯೆ. ಇಂಗಾಲ 0.18, ಮ್ಯಾಂಗನೀಸ್ 0.90 ಇರುವ ಪ್ಲೇಟಿಗೆ 0.18 + 0.15 = 0.33. ಸುಲಭವಾಗಿ ಬೆಸೆಯಬಹುದು. ನನ್ನ ಪಟ್ಟಾ ಸ್ಪ್ರಿಂಗಿನಲ್ಲಿ ಇಂಗಾಲ ಸುಮಾರು 0.60, ಮ್ಯಾಂಗನೀಸ್ 0.90 ಎಂದಿಟ್ಟುಕೊಳ್ಳಿ. 0.75 ಆಯಿತು. 0.45 ದಾಟಿದರೇ ಮುಂಚಿತವಾಗಿ ಕಾಯಿಸಿಕೊಳ್ಳುವುದು ಒಳ್ಳೆಯದು ಎನ್ನುವಾಗ ಆ ತುಂಡು ಒಂದು ರಾತ್ರಿ ತಡೆದದ್ದೇ ಹೆಚ್ಚು.

ಒಡೆದ ಸೇತುವೆ, ಸೀಳಿದ ಹಡಗು

ಸಂಯೋಜನೆಯೊಂದೇ ಸಾಲದು ಎಂಬ ಪಾಠ ಬೇರೆ ಕಡೆಯಿಂದ ಬಂತು. 1938ರ ಮಾರ್ಚ್ 14ರಂದು ಬೆಲ್ಜಿಯಂನ ಹಾಸೆಲ್ಟ್‌ನಲ್ಲಿ ಆಲ್ಬರ್ಟ್ ಕಾಲುವೆಯ ಮೇಲಿನ ಬೆಸೆದ ಉಕ್ಕಿನ ಸೇತುವೆ ಚಳಿಯ ಬೆಳಗಿನಲ್ಲಿ ಮುರಿದು ಬಿತ್ತು. 1943ರ ಜನವರಿ 16ರಂದು ಅಮೆರಿಕದ ಪೋರ್ಟ್‌ಲ್ಯಾಂಡ್‌ನಲ್ಲಿ ‘ಸ್ಕೆನೆಕ್ಟಡಿ’ ಎಂಬ ಹೊಸ ತೈಲವಾಹಕ ಹಡಗು ಶಾಂತ ನೀರಿನಲ್ಲಿ ಲಂಗರು ಹಾಕಿ ನಿಂತಿದ್ದಾಗಲೇ ನಡುವೆ ಸೀಳಿತು. ಮೊದಲ ಅನುಮಾನ ಬಿದ್ದದ್ದು, ನಾನು ಮಾಡಿದಂತೆಯೇ, ಬೆಸೆದವರ ಮೇಲೆ. ಕೇಂಬ್ರಿಜ್‌ನ ಕಾನ್‌ಸ್ಟನ್ಸ್ ಟಿಪ್ಪರ್ ಎಂಬ ಮಹಿಳೆ ಬೇರೆಯದನ್ನು ತೋರಿಸಿದರು. ಆ ಉಕ್ಕು ಬೆಚ್ಚಗಿದ್ದಾಗ ಬಾಗುತ್ತಿತ್ತು, ಒಂದು ತಾಪದ ಕೆಳಗೆ ಗಾಜಿನಂತೆ ಒಡೆಯುತ್ತಿತ್ತು. ರಿವೆಟ್ ಹೊಡೆದ ಹಡಗಿನಲ್ಲಿ ಬಿರುಕು ಒಂದು ಪ್ಲೇಟಿನ ಅಂಚಿಗೆ ನಿಲ್ಲುತ್ತದೆ, ಬೆಸೆದ ಹಡಗಿನಲ್ಲಿ ಅದಕ್ಕೆ ತಡೆಯೇ ಇಲ್ಲ.

ಒಂದೇ ಪಿ ಸಂಖ್ಯೆಯೊಳಗೆ ಇಂದು ಉಪಗುಂಪುಗಳಿವೆ. ಉದಾಹರಣೆಗೆ ಬಾಯ್ಲರ್ ಪ್ಲೇಟ್ ಎಸ್‌ಎ 516ರ ಗ್ರೇಡ್ 60 ಮೊದಲ ಉಪಗುಂಪಿನಲ್ಲಿದ್ದರೆ ಗ್ರೇಡ್ 70 ಎರಡನೆಯದರಲ್ಲಿದೆ. ಹೊಡೆತ ತಾಳುವ ಶಕ್ತಿಯನ್ನು ಪರೀಕ್ಷಿಸಬೇಕೆಂದು ವಿನ್ಯಾಸ ಕೇಳಿದಾಗ ಮಾತ್ರ ಈ ಉಪಗುಂಪು ಲೆಕ್ಕಕ್ಕೆ ಬರುತ್ತದೆ. ಬೇಡವೆಂದಾದರೆ ಇಬ್ಬರೂ ಒಂದೇ. ಗುಂಪಿನ ಗೆರೆ ಲೋಹದ ಒಳಗಿಂದ ಮಾತ್ರ ಬರುವುದಿಲ್ಲ, ನಾವು ಆ ಲೋಹದಿಂದ ಏನು ಬಯಸುತ್ತೇವೆ ಎಂಬುದರಿಂದಲೂ ಬರುತ್ತದೆ.

ಗೋತ್ರ ಬದಲಾದ ಉಕ್ಕು

ಈ ಇತಿಹಾಸದಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವೆನಿಸುವುದು ಇತ್ತೀಚಿನ ಪ್ರಸಂಗ. ಅದು ಕರ್ನಾಟಕದ ದೀಪಗಳಿಗೂ ಸಂಬಂಧಿಸಿದೆ. 1985ರಲ್ಲಿ ಮೊದಲ ಘಟಕ ಆರಂಭವಾದ ರಾಯಚೂರಿನ ಶಾಖೋತ್ಪನ್ನ ಕೇಂದ್ರದ 210 ಮೆಗಾವಾಟ್ ಘಟಕಗಳಲ್ಲಿ ಉಗಿಯ ತಾಪ 540 ಡಿಗ್ರಿ ಸೆಲ್ಸಿಯಸ್ ಸುತ್ತಮುತ್ತ. ಅಂತಹ ಕಡೆ ಶೇ. 2¼ ಕ್ರೋಮಿಯಂ, ಶೇ. 1 ಮಾಲಿಬ್ಡಿನಂ ಇರುವ ಉಕ್ಕು ಸಾಕು. ವಿಜಯಪುರ ಜಿಲ್ಲೆಯ ಕೂಡಗಿ, ರಾಯಚೂರಿನ ಯರಮರಸ್ ಮುಂತಾದ ಕಡೆಗಳ 800 ಮೆಗಾವಾಟ್ ಘಟಕಗಳು ಕ್ರಾಂತಿಬಿಂದುವನ್ನು ಮೀರಿದ ಒತ್ತಡದಲ್ಲಿ, ಇನ್ನೂ ಹೆಚ್ಚಿನ ತಾಪದಲ್ಲಿ ಕೆಲಸ ಮಾಡುತ್ತವೆ. ಆ ಬಗೆಯ ಕೇಂದ್ರಗಳನ್ನು ಸಾಧ್ಯವಾಗಿಸಿದ್ದು ‘ಗ್ರೇಡ್ 91’ ಎಂಬ ಉಕ್ಕು ಮತ್ತು ಅದರ ಒಡಹುಟ್ಟಿದವು.

ಅಮೆರಿಕದ ಓಕ್ ರಿಜ್ ಪ್ರಯೋಗಾಲಯದ ಕೂಸು ಇದು. 1970ರ ದಶಕದಲ್ಲಿ ವೇಗವರ್ಧಕ ಪರಮಾಣು ರಿಯಾಕ್ಟರುಗಳಿಗಾಗಿ ರೂಪುಗೊಂಡು 1983ರ ಸುಮಾರಿಗೆ ಬಾಯ್ಲರ್ ಸಂಹಿತೆಯ ಮನ್ನಣೆ ಪಡೆಯಿತು. ನಮ್ಮ ಕಲ್ಪಾಕ್ಕಂನ ಮಾದರಿ ವೇಗವರ್ಧಕ ರಿಯಾಕ್ಟರಿನ ಉಗಿಜನಕಗಳೂ ಇದೇ ಬಗೆಯ ಉಕ್ಕಿನವು. ಮೊದಲೇ ಇದ್ದ ‘ಗ್ರೇಡ್ 9’ ಎಂಬ ಉಕ್ಕಿನಲ್ಲೂ ಕ್ರೋಮಿಯಂ ಶೇ. 9, ಮಾಲಿಬ್ಡಿನಂ ಶೇ. 1. ಹೊಸತರಲ್ಲಿ ಅವುಗಳ ಜೊತೆ ಚಿಟಿಕೆಯಷ್ಟು ವೆನೇಡಿಯಂ, ನಯೋಬಿಯಂ, ನೈಟ್ರೋಜನ್ ಇವೆ. ನಯೋಬಿಯಂ ಶೇ. 0.1ನ್ನೂ ಮೀರುವುದಿಲ್ಲ. ಸಂಯೋಜನೆ ನೋಡಿ ಎರಡನ್ನೂ ಪಿ ಸಂಖ್ಯೆ 5ಬಿ ಎಂಬ ಒಂದೇ ಮನೆಗೆ ಹಾಕಿದರು, ಉಪಗುಂಪು ಮಾತ್ರ ಬೇರೆ.

ಕಾಗದದ ಮೇಲೆ ಅದು ಸರಿಯಾಗಿಯೇ ಇತ್ತು. ಎಳೆದರೂ ಬಾಗಿಸಿದರೂ ಎರಡೂ ಉತ್ತೀರ್ಣ. ಆದರೆ ಹೊಸ ಉಕ್ಕಿನ ಬಲವೆಲ್ಲ ಇದ್ದದ್ದು ಆ ಚಿಟಿಕೆಯಲ್ಲಿ. ವೆನೇಡಿಯಂ, ನಯೋಬಿಯಂಗಳು ಇಂಗಾಲ, ನೈಟ್ರೋಜನ್ನುಗಳೊಂದಿಗೆ ಕೂಡಿ ಬರಿಗಣ್ಣಿಗಿರಲಿ, ಸಾಮಾನ್ಯ ಸೂಕ್ಷ್ಮದರ್ಶಕಕ್ಕೂ ಕಾಣದ ಕಣಗಳಾಗಿ ಹದವಾದ ಮಾರ್ಟೆನ್‌ಸೈಟಿನೊಳಗೆ ಹರಡಿಕೊಳ್ಳುತ್ತವೆ. ಹರಳಿನೊಳಗಿನ ಸ್ಥಾನಪಲ್ಲಟ ರೇಖೆಗಳು ಸರಿಯದಂತೆ ಅವು ಗೂಟ ಹೊಡೆದು ಹಿಡಿಯುತ್ತವೆ. ಬಿಸಿಯಲ್ಲಿ ಉಕ್ಕು ನಿಧಾನವಾಗಿ ಹಿಗ್ಗುವ ತೆವಳಿಕೆ ಹೀಗೆ ತಗ್ಗುತ್ತದೆ. ಇದರಿಂದಲೇ ಕೊಳವೆಯ ಗೋಡೆಯ ದಪ್ಪವನ್ನು ಹೆಚ್ಚುಕಡಿಮೆ ಅರ್ಧಕ್ಕೆ ಇಳಿಸಲು ಸಾಧ್ಯವಾಯಿತು. ಬೆಸುಗೆಯ ನಂತರ ಸುಮಾರು 730ರಿಂದ 770 ಡಿಗ್ರಿಗಳ ನಡುವೆ ಹದ ಮಾಡಬೇಕು. ಕಡಿಮೆಯಾದರೆ ಪೆಡಸು ಉಳಿಯುತ್ತದೆ. 800 ಡಿಗ್ರಿ ಮೀರಿದರೆ ರಚನೆಯೇ ಕೆಟ್ಟು ಬಲ ಹಾರಿಹೋಗುತ್ತದೆ, ಕೋಣೆಯ ತಾಪದ ಎಳೆತ ಪರೀಕ್ಷೆ ಅದನ್ನು ಪೂರ್ತಿ ಹೇಳುವುದಿಲ್ಲ. ಎಲ್ಲ ಸರಿಯಾಗಿ ಮಾಡಿದರೂ ಶಾಖಪ್ರಭಾವಿತ ವಲಯದ ಹೊರ ಅಂಚಿನ ಸಣ್ಣ ಕಣಗಳ ಪಟ್ಟಿ ದುರ್ಬಲವಾಗಿ ಉಳಿದು, ವರ್ಷಗಳ ನಂತರ ಅಲ್ಲಿ ಬಿರುಕು ಬಿಡುವುದುಂಟು. ಅದಕ್ಕೆ ‘ನಾಲ್ಕನೆಯ ಬಗೆಯ ಬಿರುಕು’ ಎಂದು ಹೆಸರು.

ಗಮನಿಸಿ. ಬಾಗಿಸುವ ಪರೀಕ್ಷೆಗೆ ಕೆಲವು ನಿಮಿಷ ಸಾಕು. ತೆವಳಿಕೆಯ ಬಲವನ್ನು ಲೆಕ್ಕ ಹಾಕುವುದು 1,00,000 ಗಂಟೆಗಳಿಗೆ, ಅಂದರೆ ಹನ್ನೊಂದು ವರ್ಷಗಳಿಗೂ ಮೀರಿ. ಮೊದಲನೆಯದರಲ್ಲಿ ಒಂದೇ ಎನಿಸಿದ ಎರಡು ಉಕ್ಕುಗಳು ಎರಡನೆಯದರಲ್ಲಿ ಅಪರಿಚಿತರು. ಇಂಗಾಲ ಸಮಾನಾಂಕದ ಸೂತ್ರವೂ ಇಲ್ಲಿ ಕೈಕೊಡುತ್ತದೆ. ಗ್ರೇಡ್ 91ಕ್ಕೆ ಅದನ್ನು ಹಚ್ಚಿದರೆ 2ಕ್ಕೂ ಮೀರಿದ ಉತ್ತರ ಬಂದು, ಇದನ್ನು ಬೆಸೆಯಲೇಬಾರದು ಎಂದಂತಾಗುತ್ತದೆ. ಅದು ಈ ಬಗೆಯ ಉಕ್ಕಿಗಾಗಿ ಮಾಡಿದ ಸೂತ್ರವೇ ಅಲ್ಲ.

ಹಲವು ದೇಶಗಳ ಕೇಂದ್ರಗಳಲ್ಲಿ ಹದ ತಪ್ಪಿದ ಕೊಳವೆಗಳು ಅವಧಿಗೆ ಮುನ್ನವೇ ಸೋತ ಅನುಭವ ಕೂಡುತ್ತಾ ಬಂದ ಮೇಲೆ, 2000ದ ದಶಕದ ಕೊನೆಯ ಹೊತ್ತಿಗೆ ಸಂಹಿತೆ ಈ ಉಕ್ಕನ್ನು 5ಬಿ ಗುಂಪಿನಿಂದ ಹೊರತೆಗೆದು 15ಇ ಎಂಬ ಹೊಸ ಗುಂಪು ಕಟ್ಟಿತು. ಉಕ್ಕಿನ ಒಂದು ಪರಮಾಣುವೂ ಬದಲಾಗಲಿಲ್ಲ. ಬದಲಾದದ್ದು ಅದರ ಬಗ್ಗೆ ನಮಗಿದ್ದ ತಿಳಿವಳಿಕೆ. ಅಂದಿನಿಂದ ಗ್ರೇಡ್ 9ರ ಮೇಲೆ ಮಾಡಿದ ಪರೀಕ್ಷೆ ಗ್ರೇಡ್ 91ಕ್ಕೆ ಸಾಕ್ಷಿ ಹೇಳುವುದಿಲ್ಲ.

ನಾವು ಸೋಂಪುರದಿಂದ ಹೊರಡುವ ಮುನ್ನ ಆ ವಿದ್ಯಾರ್ಥಿನಿ ದಾಖಲೆಯ ಪುಸ್ತಕವನ್ನು ಕೇಳಿ ನೋಡಿದಳು. ‘ಮೂಲಲೋಹ’ ಎಂಬ ಕಲಮಿನಲ್ಲಿ ಪಿ ಸಂಖ್ಯೆಯ ಜೊತೆಗೆ ಉಪಗುಂಪು, ಗ್ರೇಡ್, ದಪ್ಪ, ಉಕ್ಕಿನ ಕಾರ್ಖಾನೆಯ ಪರೀಕ್ಷಾ ಪತ್ರದ ಸಂಖ್ಯೆ ಎಲ್ಲವನ್ನೂ ಬರೆದಿದ್ದರು. “ಗುಂಪು ಸಾಕಾದರೆ ಇವೆಲ್ಲ ಏಕೆ?” ಎಂದಳು. “ನಾಳೆ ಗುಂಪು ಬದಲಾದರೆ ನಾವು ಬೆಸೆದದ್ದು ಯಾವುದೆಂದು ಗೊತ್ತಿರಬೇಕಲ್ಲಮ್ಮ” ಎಂದರು ಸೂಪರ್‌ವೈಸರ್. ನನ್ನ ಅರೆಬರೆ ಉತ್ತರಕ್ಕಿಂತ ಅದು ಚೆನ್ನಾಗಿತ್ತು.

ಶಿಕ್ಷಕರು ತರಗತಿಗೆ ಒಯ್ಯಬಹುದಾದ ಒಂದು ಪ್ರಯೋಗ ಹೇಳಿ ಮುಗಿಸುತ್ತೇನೆ. ಕಟ್ಟಡದ ಸಾದಾ ಉಕ್ಕಿನ ಕಂಬಿಯ ತುಂಡು, ಹಳೆಯ ಅರ, ಒಂದು ಸ್ಟೀಲ್ ಚಮಚ ಇಷ್ಟನ್ನು ತೆಗೆದುಕೊಂಡು ಹತ್ತಿರದ ವರ್ಕ್‌ಷಾಪಿಗೆ ಹೋಗಿ. ಎಲ್ಲರಿಗೂ ರಕ್ಷಣಾ ಕನ್ನಡಕ ಹಾಕಿಸಿ. ತಿರುಗುವ ಸಾಣೆಕಲ್ಲಿಗೆ ಒಂದೊಂದನ್ನೇ ಮೆಲ್ಲಗೆ ತಾಗಿಸಲು ಅಲ್ಲಿನವರನ್ನು ಕೇಳಿ. ಕಂಬಿಯ ಕಿಡಿಗಳು ಉದ್ದನೆಯ ಗೆರೆಗಳು, ಕವಲು ಕಡಿಮೆ. ಅರದ ಕಿಡಿಗಳು ಸುರುಸುರು ಬತ್ತಿಯಂತೆ ನಕ್ಷತ್ರ ನಕ್ಷತ್ರವಾಗಿ ಸಿಡಿಯುತ್ತವೆ, ಅದು ಇಂಗಾಲ ಉರಿಯುವ ಗುರುತು. ಚಮಚದ ಕಿಡಿಗಳು ಮೋಟು, ಸಿಡಿಯುವುದು ಇಲ್ಲವೆನ್ನುವಷ್ಟು ಕಡಿಮೆ. ಕತ್ತಲಾದ ಮೂಲೆಯಲ್ಲಿ ಮಾಡಿದರೆ ವ್ಯತ್ಯಾಸ ಸ್ಪಷ್ಟವಾಗಿ ಕಾಣುತ್ತದೆ. ಮೂರು ಗುಂಪು ಎಂದು ಮಕ್ಕಳೇ ಹೇಳುತ್ತಾರೆ. ಆಮೇಲೆ ಪಟ್ಟಾ ಸ್ಪ್ರಿಂಗಿನ ತುಂಡೊಂದನ್ನು ಕೈಗೆ ಕೊಟ್ಟು, ಇದು ಯಾವ ಗುಂಪಿಗೆ ಸೇರುತ್ತದೆ ಎಂದು ಕೇಳಿ.